ಚಿಗರಿ ಕಾಯುತ್ತಿದ್ದ ಪೆಟ್ಟಿಗೆ

ಅರ ಉಜ್ಜಿ ಉಜ್ಜಿ ಹಲ್ಲಿನ ಚಕ್ರಗಳನ್ನು ಮಾಡಿಕೊಟ್ಟವನು ಕಂಬಾರ ಮಲಕಾಜಪ್ಪ. ಸನ್ಮಾನದ ಶಾಲು ಹೊದಿಸಿಕೊಂಡವನು ನೇಕಾರ ಶಿವಯೋಗೆಪ್ಪ. ಅರವತ್ತೆಂಟರ ಆ ಬೇಸಿಗೆಯಲ್ಲಿ ಬನಹಟ್ಟಿಯ ನೇಕಾರರ ಹಿರಿಯ ಬಾಳಾಸಾಹೇಬರು ಅರ್ಧ ತಾಸು ಮಾತಾಡಿದರು. ಮಗ್ಗದಲ್ಲಿ ಒಂದೇ ಒಂದು ಎಳೆ ಹರಿದರೂ ಗಂಟೆ ಬಾರಿಸುವ ಪೆಟ್ಟಿಗೆಯನ್ನು ನಮ್ಮೂರವನೇ ಕಂಡುಹಿಡಿದ ಎಂದು ಹಿಗ್ಗಿದರು. ಕಂಬಾರನ ಹೆಸರು ಒಮ್ಮೆಯೂ ಅವರ ಬಾಯಲ್ಲಿ ಬರಲಿಲ್ಲ. ಹಿಂದೆ ಕೂತಿದ್ದ ಮಲಕಾಜಪ್ಪ ಎಲ್ಲರೊಡನೆ ಚಪ್ಪಾಳೆ ತಟ್ಟಿದ. ಹೊಟ್ಟೆಯೊಳಗೆ ಕುಲುಮೆ ಉರಿಯುತ್ತಿತ್ತು.

ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಅವನ ಹಂಚಿಕೆ ಹಾಗಿತ್ತು. ಪೆಟ್ಟಿಗೆ ಕದಿಯಬೇಕು, ಒಳಗಿನದನ್ನೆಲ್ಲ ಸಾಗವಾನಿಯ ಹೊಸ ಪೆಟ್ಟಿಗೆಗೆ ಇಳಿಸಬೇಕು, ಯುಕ್ತಿ ಮೊದಲಿನಿಂದಲೂ ನನ್ನದೇ ಎಂದು ಹಿರಿಯರೆದುರು ತೋರಿಸಬೇಕು. ಚಕ್ರಗಳ ಮೇಲೆ ಅವನದೇ ಕೈಗೆಲಸ ಎದ್ದು ಕಾಣುತ್ತಿತ್ತು, ಇಲ್ಲವೆನ್ನುವವರು ಯಾರು? ಅಡ್ಡಿಯಿದ್ದದ್ದು ಶಿವಯೋಗೆಪ್ಪನ ಚಿಗರಿಯೊಂದೇ. ಮುಧೋಳ ತಳಿಯ ಆ ಸಪೂರ ಹೆಣ್ಣುನಾಯಿ ಹಗಲೆಲ್ಲ ಮಗ್ಗದ ಅಡಿಯಲ್ಲಿ ಮಲಗಿ ಪೆಟ್ಟಿಗೆ ಕಾಯುತ್ತಿತ್ತು. ಯಾರಾದರೂ ಪೆಟ್ಟಿಗೆಗೆ ಕೈ ಹಾಕಿದರೆ ಹಲ್ಲು ತೋರಿಸುತ್ತಿತ್ತು.

ಮಂಗಳವಾರ ಶಿವಯೋಗೆಪ್ಪ ನೂಲು ತರಲು ಜಮಖಂಡಿಗೆ ಹೋದ. ಮಲಕಾಜಪ್ಪ ಇಲಿಪಾಷಾಣ ಬೆರೆಸಿದ ಬೆಲ್ಲ ರೊಟ್ಟಿಯನ್ನು ಅಂಗೈಯಲ್ಲಿಟ್ಟು ಚಾಚಿದ. ನಾಲ್ಕು ವರ್ಷದಿಂದ ಅವನ ಕೈತುತ್ತು ತಿಂದ ನಾಯಿ, ಸಂಶಯಪಡಲಿಲ್ಲ. ತಿಂದು ಅಂಗೈ ನೆಕ್ಕಿತು. ಅವನಿಗೆ ಅಳು ಬಂತು, ನಿಜವಾಗಿಯೂ ಬಂತು. ಆದರೂ ಕೈ ತೊಳೆದುಕೊಂಡು ಮನೆಗೆ ನಡೆದ.

ಮರುದಿನ ಸತ್ತ ಚಿಗರಿಯನ್ನು ಹೂಳಲು ಕುಣಿ ತೋಡಿದವನೂ ಅವನೇ.

"ಪಾಷಾಣ ತಿಂದ ಇಲಿ ಹಿಡಿದಿರಬೇಕೋ. ಸಮಾಧಾನ ಮಾಡ್ಕೋ," ಎಂದ.

"ನನ್ನ ಹೊಟ್ಟಿ ಮ್ಯಾಲ ಹೊಡದ್ನೋ ದೇವರು," ಎಂದ ಶಿವಯೋಗೆಪ್ಪ. ಮಕ್ಕಳಿಲ್ಲದವನ ದುಃಖ ಎಂದುಕೊಂಡ ಮಲಕಾಜಪ್ಪ.

ಮಗ್ಗ ನಿಂತಿತು. ಮೂರನೆಯ ದಿನ ಶಿವಯೋಗೆಪ್ಪ ಆ ಮಣ್ಣಗುಡ್ಡೆಯ ಬಳಿ ಕೂತಿದ್ದಾಗ ಮಲಕಾಜಪ್ಪ ಪೆಟ್ಟಿಗೆಯನ್ನು ಕಂಬಳಿಯಲ್ಲಿ ಸುತ್ತಿಕೊಂಡು ಬಂದ. ಗುಲ್ಲೆದ್ದೀತು ಎಂದು ಕಾದ. ಶಿವಯೋಗೆಪ್ಪ ಪೆಟ್ಟಿಗೆಯ ಸುದ್ದಿಯನ್ನೇ ಎತ್ತಲಿಲ್ಲ. ಶೋಕದಲ್ಲಿ ಬುದ್ಧಿ ಮಂಕಾಗಿದೆ, ನನ್ನ ದೈವ ದೊಡ್ಡದು ಎಂದುಕೊಂಡ ಮಲಕಾಜಪ್ಪ. ಚಕ್ರಗಳನ್ನೂ ಗಂಟೆಯನ್ನೂ ಹೊಸ ಪೆಟ್ಟಿಗೆಯಲ್ಲಿ ಕೂರಿಸಿದ. ಹಚ್ಚಿ ನೋಡಲು ಕಂಬಾರನ ಮನೆಯಲ್ಲಿ ಮಗ್ಗವೆಲ್ಲಿ ಬರಬೇಕು?

"ಇದು ನೀನ ಮಾಡಿದ್ದೇನೋ?" ಬಾಳಾಸಾಹೇಬರು ತಮ್ಮ ಮಗ್ಗದ ಮನೆಯಲ್ಲಿ ಹಿರಿಯರೆದುರು ಕೇಳಿದರು.

"ನಾನರಿ. ಯುಕ್ತೀನೂ ನಂದ, ಚಕ್ರಾನೂ ನಂದರಿ. ಇದರಾಗ ನನಗ ತಿಳೀದಿದ್ದು ಏನೂ ಇಲ್ಲ."

ಅವರು ಪೆಟ್ಟಿಗೆಯನ್ನು ಮಗ್ಗಕ್ಕೆ ಹಚ್ಚಿಸಿ ಒಂದು ಎಳೆ ಹರಿದರು. ಗಂಟೆ ಬಡಿಯಲಿಲ್ಲ. ಇನ್ನೊಂದು ಹರಿದರು. ಮಲಕಾಜಪ್ಪ ಬೆರಳಿನಿಂದ ಚಕ್ರ ತಿರುವಿದ. ನುಣ್ಣಗೆ ತಿರುಗಿತು, ಗಂಟೆ ಸುಮ್ಮನೇ ಇತ್ತು.

ಮೂಲೆಯಲ್ಲಿದ್ದ ಶಿವಯೋಗೆಪ್ಪ ತಡವರಿಸುತ್ತ ಎದ್ದು ಬಂದ. "ಆ ಚಕ್ರ ಎಂದೂ ಕೆಲಸಾ ಮಾಡಲಿಲ್ಲರಿ. ನನ್ನ ಕಣ್ಣು ಮಂಜಾಗಿ ಭಾಳ ದಿನಾ ಆತು. ಹೇಳಿದ್ರ ಯಾರೂ ನೇಯಾಕ ಕೊಡತಿರಲಿಲ್ಲ, ಅದಕ್ಕ ಸುಳ್ಳು ಹೇಳಿದೆ. ಎಳಿ ಹರಿದದ್ದು ನೋಡಾಕಿ ಚಿಗರಿ, ಗಂಟಿ ದಾರ ಜಗ್ಗಾಕೀನೂ ಚಿಗರಿ." ಆಮೇಲೆ ಮಲಕಾಜಪ್ಪನ ಭುಜ ಹುಡುಕಿ ಕೈಯಿಟ್ಟ. "ಅಕಿಗೆ ಏನ ತಿನಿಸಿದ್ಯೋ?" ಹಿರಿಯರೆಲ್ಲ ಅವನನ್ನೇ ನೋಡುತ್ತಿದ್ದರು. ಮಲಕಾಜಪ್ಪನಿಗೆ ಹಳೆ ಪೆಟ್ಟಿಗೆಯ ಹಿಂದೆ ಜೋತಿದ್ದ ಒಂದು ಹೊಲಸು ದಾರ ನೆನಪಾಯಿತು. ಅಂದಗೆಡುತ್ತದೆಂದು ಅವನೇ ಅದನ್ನು ಕತ್ತರಿಸಿ ಕುಲುಮೆಗೆ ಎಸೆದಿದ್ದ. ಅದರ ತುದಿಯಲ್ಲಿ ಹಲ್ಲಿನ ಗುರುತುಗಳಿದ್ದವು. ಇಲಿ ಕಡಿದಿರಬೇಕು ಎಂದುಕೊಂಡಿದ್ದ.