ಹುಳದ ಹಣೆಯ ಮೂರು ಗೆರೆ

"ಕಲ್ಲಿಗೂ ವಿಭೂತಿ ಹಚ್ಚತೀರೇನ್ರಿ?"

ಶಹಾಬಾದಿನ ಕಲ್ಲಿನ ಅಂಗಡಿಯಲ್ಲಿ ಅಣವೀರ ಭಾಗ್ಯಜ್ಯೋತಿಗೆ ಆಡಿದ ಮೊದಲ ಮಾತು ಅದು. ಆಕೆ ಸಮಾಧಿಯ ಕಲ್ಲಿಗೆ ಹೆಸರು ಕೆತ್ತುತ್ತಿದ್ದಳು. ಹೆಸರಿಗಿಂತ ಮೊದಲು ಮೂರು ಅಡ್ಡ ಗೆರೆ ಎಳೆಯುವುದು ತೀರಿಕೊಂಡ ತಂದೆ ಸಾಯಬಣ್ಣ ಕಲಿಸಿದ ರೂಢಿ. ಯಾವ ಕಲ್ಲು ಹಿಡಿದರೂ ಉಳಿ ತಾನಾಗಿ ಮೊದಲು ಆ ಗೆರೆಗಳನ್ನೇ ಎಳೆಯುತ್ತಿತ್ತು.

"ಕಲ್ಲಿಗರೆ ಹಚ್ಚೀನಿ. ನಿಮ್ಮ ಹಣಿಗಿ ಯಾರೂ ಹಚ್ಚಿಲ್ಲಲ್ರಿ," ಎಂದಳು ತಲೆ ಎತ್ತದೆ.

ಆತ ಬರಿದಾದ ಹಣೆಯನ್ನು ಸವರಿಕೊಂಡು ನಕ್ಕ. ಆ ನಗೆಯನ್ನು ಆಕೆ ಓರೆಗಣ್ಣಿನಲ್ಲಿ ನೋಡಿದಳು.

ಅಣವೀರ ತೆಂಗಳಿಯವನು. ಕಲಬುರಗಿಯಲ್ಲಿ ಪಿಎಚ್.ಡಿ. ಮಾಡುತ್ತಿದ್ದ. ಮೊಬೈಲಿನಲ್ಲಿ ಒಂದು ಚಿತ್ರ ತೋರಿಸಿದ. ಟ್ರೈಲೊಬೈಟ್ ಎಂದು ಅದರ ಹೆಸರು. ನೆಲದ ಮೇಲೆ ಮರಗಿಡಗಳೂ ಇಲ್ಲದ ಕಾಲದಲ್ಲಿ ಸಮುದ್ರದ ತಳದಲ್ಲಿ ಹರಿದಾಡಿದ ಜೀವಿ. ಉದ್ದಕ್ಕೂ ಮೂರು ಪಾಲಾದ ಬೆನ್ನು, ಅಡಿಯಲ್ಲಿ ಸಾಲು ಕಾಲು. ಈಗ ಕಲ್ಲಿನಲ್ಲಿ ಗುರುತು ಮಾತ್ರ ಉಳಿದಿದೆ. ಹೆದರಿದರೆ ಸುರುಳಿ ಸುತ್ತಿಕೊಳ್ಳುತ್ತಿತ್ತಂತೆ.

"ನಾ ನೋಡಿದ್ರ ನೀವು ಮೊಬೈಲದಾಗ ಮಾರಿ ಮುಚ್ಚಿಕೊಳ್ತೀರಲ್ಲ, ಹಂಗ," ಎಂದಳು.

ಆಮೇಲೆ ಕಲ್ಲುಗಳಲ್ಲಿ ಆ ಹುಳದ ಗುರುತು ಹುಡುಕುತ್ತ ಆತ ವಾರವಾರವೂ ಬಂದ. ಹುಳ ಖಣಿಯಲ್ಲಿ ಸಿಗಬೇಕಾದದ್ದು, ಅಂಗಡಿಯಲ್ಲಿ ಅಲ್ಲ ಎಂದು ಆಕೆಯ ತಾಯಿ ಸೂಗಮ್ಮ ಗೊಣಗಿದರೂ ಚಹಾ ಮಾತ್ರ ತಪ್ಪಿಸಲಿಲ್ಲ. ಈ ಕಲ್ಲು ಆ ಜೀವಿಗಿಂತಲೂ ಹಳೆಯದು, ಇಲ್ಲಿ ಅದು ಸಿಗುವುದಿಲ್ಲ ಎಂದು ಓದಿದವರೆಲ್ಲ ಆತನಿಗೆ ಹೇಳಿದ್ದರು. ಸಿಕ್ಕರೆ ದೊಡ್ಡ ಹೆಸರು. ಸಿಗದಿದ್ದರೆ ದೀಪಾವಳಿಯ ನಂತರ ಹುಡುಕಲು ರಾಜಸ್ಥಾನಕ್ಕೆ ಹೋಗಬೇಕು.

ರಾಜಸ್ಥಾನ ಎಂಬ ಮಾತು ಭಾಗ್ಯಜ್ಯೋತಿಯ ಎದೆಯಲ್ಲಿ ಕುಳಿತಿತು. ಆತನ ಮೊಬೈಲಿನಿಂದ ಪಡೆದ ಚಿತ್ರವನ್ನು ಎದುರಿಗಿಟ್ಟುಕೊಂಡು ಆಕೆ ಒಂದು ಹುಳ ಕೆತ್ತಿ, ತಾನೇ ಕೆತ್ತಿದ್ದು ಎನ್ನದೆ ಆತನ ಕೈಗಿಟ್ಟಳು. ಪ್ರೀತಿಯನ್ನು ಹೇಳಲು ಆಕೆಗೆ ಬೇರೆ ಭಾಷೆ ಬರುತ್ತಿರಲಿಲ್ಲ.

ಅಣವೀರ ಅದನ್ನು ಅಂಗೈಯಲ್ಲಿ ಹಿಡಿದು ಹೆಬ್ಬೆರಳಿನಿಂದ ಸವರಿದ. ಹುಳದ ತಲೆಯ ಮೇಲೆ ಬೆರಳು ನಿಂತಿತು. ಅಲ್ಲಿ ಕೂದಲಿನಷ್ಟು ಸಣ್ಣ ಮೂರು ಅಡ್ಡ ಗೆರೆಗಳಿದ್ದವು. ಆಕೆಯೂ ಆಗಲೇ ಅವನ್ನು ಕಂಡದ್ದು. ಸಿಕ್ಕಿಬಿದ್ದೆ, ಈಗ ನಕ್ಕುಬಿಡುತ್ತಾನೆ, ಆಗ ಎಲ್ಲವನ್ನೂ ಹೇಳಿಬಿಡುತ್ತೇನೆ ಎಂದುಕೊಂಡಳು.

ಆತ ನಗಲಿಲ್ಲ. ಎಲ್ಲಿ ಸಿಕ್ಕಿತು ಎಂದು ಕೇಳಿದ. ವಾಡಿಯ ಹಳೆಯ ಖಣಿಯಲ್ಲಿ ಎಂದು ಆಕೆಯ ಬಾಯಿಂದ ಬಂತು.

"ಇನ್ನ ನಾ ಎಲ್ಲೂ ಹೋಗೂದಿಲ್ಲ, ಭಾಗ್ಯಾ."

ಹಾಗೆ ಹೆಸರು ಹಿಡಿದು ಕರೆದದ್ದು ಅದೇ ಮೊದಲು. ಅಂದು ಸಂಜೆ ಲಿಂಗಪೂಜೆಗೆ ಕುಳಿತಾಗ ಆಕೆ ಸುಳ್ಳಿಗಾಗಿ ಕ್ಷಮೆ ಕೇಳಿದಳು. ಆ ಕರೆಗಾಗಿ ಕೈ ಮುಗಿದಳು.

ಆತ ಮತ್ತೆ ಬರಲಿಲ್ಲ. ಪೇಪರಿನಲ್ಲಿ ಆ ಕಲ್ಲು ಹಿಡಿದ ಆತನ ಫೋಟೋ ಬಂತು. ಸೂಗಮ್ಮ ಅದನ್ನು ಕತ್ತರಿಸಿ ಗೋಡೆಗೆ ಅಂಟಿಸಿದಳು.

ಬೇಸಿಗೆಯಲ್ಲಿ ಅಂಗಡಿಯ ಮುಂದೆ ಕಾರು ನಿಂತಿತು. ಅಣವೀರ ಇಳಿದು ಬಂದ. ಆತನ ಗುರುಗಳು, ವಯಸ್ಸಾದವರು, ಕಾರಿನೊಳಗೇ ಕುಳಿತಿದ್ದರು. ಹೈದರಾಬಾದಿನ ವಿಜ್ಞಾನಿಗಳು ಆ ಕಲ್ಲಿನ ಮೇಲೆ ಉಳಿಯ ಗುರುತು ಹಿಡಿದಿದ್ದರು. ಮೋಸ ಮಾಡಿದ್ದು ತಾನೊಬ್ಬಳೇ, ಅಣವೀರನಿಗೆ ಏನೂ ತಿಳಿಯದು ಎಂದು ಆಕೆ ಗುರುಗಳ ಮುಂದೆ ಹೇಳಬೇಕಂತೆ. ಹೇಳದಿದ್ದರೆ ಆತನ ಓದು ಅಲ್ಲಿಗೇ ಮುಗಿಯುತ್ತದೆ.

"ಅವತ್ತ ನಿಮ್ಮ ಬೆರಳು ಗೆರಿ ಮ್ಯಾಲ ನಿಂತಿತ್ತು," ಎಂದಳು ಆಕೆ.

"ಹೌದು. ಗೊತ್ತಾಗಿತ್ತು."

"ಗೊತ್ತಿದ್ದೂ ಒಯ್ದ್ರಿ?"

ಆತ ಕಾರಿನ ಕಡೆ ನೋಡಿ ದನಿ ತಗ್ಗಿಸಿದ. "ನಿಮಗ ನನ್ನ ಮ್ಯಾಲ ಮನಸ ಅದ ಅಂತನೂ ಗೊತ್ತಿತ್ತು. ಎಂದೂ ಬಾಯಿ ಬಿಡಂಗಿಲ್ಲ ಅಂದ್ಕೊಂಡೆ."

ಭಾಗ್ಯಜ್ಯೋತಿ ಕೈಯ ಕಲ್ಲುಹುಡಿಯನ್ನು ಸೆರಗಿಗೆ ಒರೆಸಿಕೊಂಡು ಕಾರಿನ ಬಳಿಗೆ ಹೋದಳು. ತಾನೇ ಕೆತ್ತಿದ್ದು, ಇವರಿಗೆ ಗೊತ್ತಿರಲಿಲ್ಲ ಎಂದು ಹೇಳಿದಳು. ಮುದುಕರು ಕನ್ನಡಕ ತೆಗೆದರು. ಗದರಿಸಲಿಲ್ಲ.

"ಯಾಕ ಮಾಡ್ದಿ, ತಂಗಿ?"

ಆಕೆ ಅಣವೀರನ ಮುಖ ನೋಡಿದಳು. ಈ ಒಂದು ಮಾತನ್ನಾದರೂ ತನಗೆ ಬಿಟ್ಟಾನು ಎಂದುಕೊಂಡಳು.

"ರೊಕ್ಕಕ್ಕ, ಸರ್," ಎಂದ ಆತ. "ಇಂಥವ್ರು ಮತ್ತ್ಯಾಕ ಮಾಡತಾರ."

ನಾನು ಒಂದು ಪೈಸೆಯನ್ನೂ ಮುಟ್ಟಿಲ್ಲ ಎಂದು ಆಕೆ ಹೇಳಬಹುದಿತ್ತು. ಹೇಳಿದ್ದರೆ ಆತನ ಸುಳ್ಳು ಗುರುಗಳ ಮುಂದೆ ಬಯಲಾಗಿ, ಓದು ಆ ಬೀದಿಯಲ್ಲೇ ಮುಗಿಯುತ್ತಿತ್ತು.

"ಹೌದ್ರಿ," ಎಂದಳು. "ರೊಕ್ಕಕ್ಕ."

ಮುದುಕರು ಕಲ್ಲನ್ನು ಆಕೆಯ ಕೈಗೆ ಹಿಂದಿರುಗಿಸಿದರು. ಅಣವೀರ ಬಾಗಿಲು ಹಾಕಿಕೊಂಡು ಮೊಬೈಲಿಗೆ ತಲೆ ಬಾಗಿಸಿದ. ಕಾರು ಕಲಬುರಗಿಯ ದಾರಿ ಹಿಡಿಯಿತು.

ಅಂದು ಸಂಜೆ ಆಕೆ ಪೂಜೆಗೆ ಕುಳಿತಳು. ಕ್ಷಮೆ ಕೇಳಲಿಲ್ಲ. ಗೋಡೆಯ ಫೋಟೋ ಕೀಳಲು ಹೋದ ಸೂಗಮ್ಮನನ್ನು, ಇರಲಿ ಎಂದು ತಡೆದಳು.

ಮರುದಿನ ಚಿತ್ತಾಪುರದಿಂದ ಒಬ್ಬರು ಸಮಾಧಿಯ ಕಲ್ಲು ಮಾಡಿಸಲು ಬಂದರು. ಭಾಗ್ಯಜ್ಯೋತಿ ಕಲ್ಲು ತೊಳೆದಳು. ಉಳಿ ಹಿಡಿದು ತಲೆಭಾಗಕ್ಕೆ ಬಂದಳು. ಸುಳ್ಳು ಹುಳದ ಹಣೆಗೂ ಅದೇ ಗೆರೆ ಎಳೆದಿದ್ದ ಕೈ ಅಲ್ಲಿಯೇ ನಿಂತಿತು.

"ಮೊದಲ ಹೆಸರು ಹೇಳ್ರಿ," ಎಂದಳು. "ಗೆರಿ ಬ್ಯಾರೆಯವ್ರ ಕಡೀಂದ ಹಾಕಿಸಿಕೊಳ್ರಿ."