ಕುರಿ ಕಡೆಯವ

"ಕುರಿ ಸಾಯಾಕ ಬಿಟ್ಟೀರಲ್ರಿ... ಎಡಗೈನೂ ನಿಮ್ಮದ ಅಲ್ಲೇನು?"

ನಂದಾ ತಲೆ ಎತ್ತಿದಳು. ನೂಲಿನ ಗಂಟು ಹೊತ್ತ ಗಂಡಸೊಬ್ಬ ಜಗಲಿಯ ಮುಂದೆ ನಿಂತಿದ್ದ. ಅವಳಿಗೆ ಮೈಯೆಲ್ಲಾ ಉರಿದುಹೋಯಿತು. ತಾನು ಒಬ್ಬಳೇ ಆಡುವುದನ್ನು ಯಾರೂ ನೋಡಬಾರದಿತ್ತು.

ಬನಹಟ್ಟಿಯ ಆ ಮನೆಯಲ್ಲಿ ಅವ್ವ ಹೋದ ಮೇಲೆ ನಂದಾ ಒಬ್ಬಳೇ. ಬೆಳಿಗ್ಗೆ ಕಸ, ನೀರು, ಎರಡು ರೊಟ್ಟಿ. ಆಮೇಲೆ ಮಗ್ಗದವರಿಗೆ ನೂಲನ್ನು ಕಂಡಿಕೆಗೆ, ಲಾಳಿಯ ಸಣ್ಣ ಕೊಳವೆಗೆ, ಸುತ್ತುವ ಕೆಲಸ. ನಾಲ್ಕಕ್ಕೆ ಚಹಾ. ಆಮೇಲೆ ಜಗಲಿಯ ಕಲ್ಲಿನ ಮೇಲೆ ಹುಲಿ-ಕುರಿ ಆಟ... ಬಲಗೈಗೆ ಮೂರು ಹರಳಿನ ಹುಲಿ, ಎಡಗೈಗೆ ಹುಣಸೆಬೀಜದ ಕುರಿ. ಹುಲಿ ಮೇಲೆ ಹಾರಿದರೆ ಕುರಿ ಸತ್ತಂತೆ. ಕುರಿಗಳು ಸುತ್ತುವರಿದು ಹುಲಿಯನ್ನು ಕಟ್ಟಿಹಾಕಿದರೆ ಅವೇ ಗೆದ್ದಂತೆ. ದಿನಾ ಹುಲಿಯೇ ಗೆಲ್ಲುತ್ತಿತ್ತು. ಮೂವತ್ತೈದರ ವಯಸ್ಸಿಗೇ ಅವಳಿಗೆ ಗೆದ್ದೂ ದಣಿವಾಗಿತ್ತು.

"ನಿಮಗ್ಯಾಕ್ರಿ ಅದೆಲ್ಲ?"

"ಚಿಮ್ಮಡದ ಪರಮಾನಂದ ಅಂತರಿ, ಇನ್ನ ಮ್ಯಾಲ ನಿಮಗ ನೂಲು ತರಾಂವ ನಾನ. ನಮ್ಮದು ಕುರಿ ಕಾಯೋ ಮನಿತನ. ಸುಮ್ನ ನೋಡ್ಕೋತ ನಿಂದ್ರಾಕ ಆಗೂದಿಲ್ಲ."

ಬಗ್ಗಿ ಒಂದು ಬೀಜ ಸರಿಸಿ ಹೋಗಿಯೇಬಿಟ್ಟ.

ಅಂದಿನಿಂದ ದಿನಕ್ಕೊಂದು ನಡೆ. ಅವಳು ಹುಲಿ ಸರಿಸಿಡುವಳು, ನೂಲು ತಂದವನು ಕುರಿ ಸರಿಸುವನು. ಚಹಾದ ಕಪ್ಪು ಯಾವಾಗ ಎರಡಾಯಿತೋ ಅವಳಿಗೇ ತಿಳಿಯಲಿಲ್ಲ.

ಆಮೇಲೆ ಒಂದು ವಾರ ಅವನು ಬರಲಿಲ್ಲ. ನೂಲು ಬೇರೆಯವನು ತಂದ. 'ಯಾರಿಗೆ ಯಾರು... ನನಗ ಇದು ಬೇಕಿತ್ತಾ?' ಎಂಟನೆಯ ದಿನ ಸಿಟ್ಟಿಗೆ ಅವನ ಕುರಿಗಳನ್ನೆಲ್ಲ ಹುಲಿಗೆ ತಿನ್ನಿಸಿಬಿಟ್ಟಳು.

ಅದೇ ಹೊತ್ತಿಗೆ ಪರಮಾನಂದ ಬಂದ. ಕಲ್ಲು ನೋಡಿದ. ಅವನ ಮುಖ ಬಾಡಿತು.

"ಹುನ್ನೂರಾಗ ತಂಗಿ ಹಡದಾಳ್ರಿ, ಅಲ್ಲೇ ಇದ್ದೆ. ಹೇಳಿ ಕಳಿಸಬೇಕಿತ್ತು... ಆತು ಬಿಡ್ರಿ. ನಾ ಬ್ಯಾಡ ಅಂತ ತಿಳೀತು. ನಾಳಿಂದ ಬ್ಯಾರೆ ಓಣಿಗೆ ಹೋಗ್ತೇನಿ."

ತಿರುಗಿ ನಡೆದ. ಈಗ ಸುಮ್ಮನಿದ್ದರೆ ನಾಳೆಯಿಂದ ಮತ್ತೆ ಒಂದೇ ಕಪ್ಪು, ಮತ್ತೆ ಎರಡೂ ಕೈ ತನ್ನವೇ. ನಂದಾ ಕೂಗಿದಳು.

"ನಿಂದರ್ರಿ... ಬ್ಯಾಡಾಗಿದ್ರ ಎಂಟು ದಿನ ಎರಡು ಕಪ್ಪ ಚಾ ಯಾಕ ಮಾಡ್ತಿದ್ದೆ?"

ಅವನು ನಿಂತ. ಅವಳು ಒಂದೊಂದೇ ಬೀಜ ಎತ್ತಿ ಮತ್ತೆ ಕಲ್ಲಿನ ಮೇಲಿಟ್ಟಳು.

"ಒಬ್ಬಾಕಿನ ಆಡಿ ಗೆದ್ದು ಗೆದ್ದು ಸಾಕಾಗೇತ್ರಿ. ಈ ಹುಲಿನ್ನ ಕಟ್ಟಿಹಾಕ್ರಿ."

ಅವನು ಗಂಟು ಇಳಿಸಿ ಅವಳೆದುರು ಕುಳಿತ.

"ಕಟ್ಟಿದ ಮ್ಯಾಲ ಬಿಡೂದಿಲ್ಲ ನೋಡ್ರಿ."

"ಬಿಡಬ್ಯಾಡ್ರಿ."