ಮುಚ್ಚಿದ ಉತ್ತರದ ಬಾಗಿಲು

ನಮ್ಮೂರಿನ ಎಂಟುನೂರು ವರ್ಷದ ಚರ್ಚಿನಲ್ಲಿ ಮಗುವಿಗೆ ದೀಕ್ಷಾಸ್ನಾನ ಮಾಡಿಸುವಾಗ ಉತ್ತರದ ಗಿಡ್ಡ ಬಾಗಿಲನ್ನು ತೆರೆದಿಡುತ್ತೇವೆ. ನೀರು ಬಿದ್ದು ಮಗು ಅತ್ತರೆ, ಸೈತಾನ ಅಲ್ಲಿಂದ ಹೊರಬಿದ್ದ ಎಂದು ಲೆಕ್ಕ. ನನ್ನ ಮೊಮ್ಮಗಳ ಸರದಿ ಬಂದಾಗ ಚರ್ಚಿನ ಮೇಲ್ವಿಚಾರಕಿ ಮಾರ್ಜರಿ ಅದನ್ನು ದಢಾರನೆ ಮುಚ್ಚಿದಳು.

“ತೆಗಿಯೇ, ಮಗು ಇನ್ನೂ ಅತ್ತಿಲ್ಲ,” ಎಂದೆ.

“ಚಳೀಲಿ ನಾನು ಸಾಯ್ಲಾ? ನಿನ್ನ ಸೈತಾನ ಕಿಟಕಿ ಹಾರ್ಕೊಂಡು ಹೋಗ್ಲಿ!”

ಪಾದ್ರಿ ನೀರು ಸುರಿದು ಮಗುವನ್ನು ನನ್ನ ಕೈಗಿತ್ತರು. ಅದು ಅಳಲೇ ಇಲ್ಲ. ಮುಚ್ಚಿದ ಬಾಗಿಲಿನ ಒಳಮೈಯನ್ನು ಉಗುರಿನಿಂದ ಕೆರೆಯುವ ಸದ್ದು ಕೇಳಿಸಿತು; ಅಲ್ಲಿ ಯಾರೂ ಇರಲಿಲ್ಲ. ಮಾರ್ಜರಿ ಬಿಳಿಚಿಕೊಂಡು ಚಿಲಕಕ್ಕೆ ಕೈಹಾಕುವಷ್ಟರಲ್ಲಿ ಸದ್ದು ನಿಂತಿತು. ನನ್ನ ತೋಳಿನಲ್ಲಿದ್ದ ಮಗು ಕಲ್ಲಿನಂತೆ ತಣ್ಣಗಾಗಿ ಭಾರವಾಯಿತು.

ಮೊಮ್ಮಗಳಿಗೀಗ ಆರು ವರ್ಷ. ಬಿದ್ದು ಮೊಣಕಾಲು ಒಡೆದುಕೊಂಡರೂ ಒಮ್ಮೆಯೂ ಅತ್ತಿಲ್ಲ. ಮಾರ್ಜರಿ ಎದುರಾದರೆ ಮಾತ್ರ ನಿಂತು ನಗುತ್ತಾಳೆ.